ಲ್ಯಾಪ್‌ಟಾಪ್‌ನಲ್ಲಿ ಇಲ್ಲದ ಕಾಮ್ ಪೋರ್ಟ್ ಎಲ್ಲಿಂದ ಬರುತ್ತದೆ?

ಪುಣೆಯ ಭೋಸರಿ ಎಂಐಡಿಸಿ ಕೈಗಾರಿಕಾ ಪ್ರದೇಶದಲ್ಲಿ ಯಾವ ಶೆಡ್ಡಿಗೆ ಹೋದರೂ ಮಷಿನ್ ಹಳೆಯದು, ಕಂಪ್ಯೂಟರ್ ಹೊಸದು. ಇಪ್ಪತ್ತು ವರ್ಷದ ಸಿಎನ್‌ಸಿ ಮಷಿನ್ (ಪ್ರೋಗ್ರಾಂ ಪ್ರಕಾರ ಲೋಹ ಕತ್ತರಿಸುವ ಯಂತ್ರ) ಇನ್ನೂ ಚೆನ್ನಾಗಿ ಕೆಲಸ ಕೊಡುತ್ತಿದ್ದರೆ ಅದನ್ನು ಯಾರೂ ಗುಜರಿಗೆ ಹಾಕುವುದಿಲ್ಲ. ಕಂಪ್ಯೂಟರ್ ಮಾತ್ರ ಆಗಾಗ ಬದಲಾಗುತ್ತದೆ. ಲಾರಿ ತೂಗುವ ವಜನ್ ಕಾಟಾದ ತೂಕ ತೋರಿಸುವ ಇಂಡಿಕೇಟರ್, ಮಷಿನ್ ನಡೆಸುವ ಪಿಎಲ್‌ಸಿ ಪೆಟ್ಟಿಗೆ, ಬಾರ್‌ಕೋಡ್ ಸ್ಕ್ಯಾನರ್, ಹಳೆಯದಾದರೆ ಎಲ್ಲದರ ಬೆನ್ನಿಗೂ ಅದೇ ಒಂಬತ್ತು ಇಲ್ಲವೇ ಇಪ್ಪತ್ತೈದು ಪಿನ್ನಿನ ಕನೆಕ್ಟರ್. ಅದರ ಸಾಫ್ಟ್‌ವೇರ್ ತೆರೆದರೆ ಮೊದಲು ಕೇಳುವುದು ಯಾವ ಕಾಮ್ ಪೋರ್ಟ್, ಅಂದರೆ ಯಾವ ಸೀರಿಯಲ್ ಪೋರ್ಟ್ ಅಂತ. ಲ್ಯಾಪ್‌ಟಾಪ್ ತಿರುಗಿಸಿ ನೋಡಿದರೆ ಅಂಥ ಪೋರ್ಟೇ ಇಲ್ಲ.

ವಿಜಯಪುರ, ಇಂಡಿ, ಅಫಜಲಪುರದ ಕಡೆಯಿಂದ ಬಂದು ಇಲ್ಲಿ ಮೆಂಟೆನೆನ್ಸ್ ನೋಡುವ ಹುಡುಗರು ನನ್ನನ್ನು ಇದನ್ನೇ ಜಾಸ್ತಿ ಕೇಳುತ್ತಾರೆ. "ಸರ್, ಪೋರ್ಟೇ ಇಲ್ಲಲ್ರೀ, ಮತ್ತ ಡಿವೈಸ್ ಮ್ಯಾನೇಜರ್‌ನ್ಯಾಗ ಕಾಮ್ ಐದು ಅಂತ ಹ್ಯಾಂಗ ತೋರಸ್ತದ?" ಒಳ್ಳೆಯ ಪ್ರಶ್ನೆ. ಇದಕ್ಕೆ ಸರಿಯಾದ ಉತ್ತರ ಗೊತ್ತಾದರೆ ಅರ್ಧ ತಲೆನೋವು ಅಲ್ಲೇ ಮುಗಿಯುತ್ತದೆ.

ಮೊದಲು ನಿಜವಾದ ಪೋರ್ಟ್ ನೋಡೋಣ. ಆರ್‌ಎಸ್-232 ಅನ್ನುವ ನಿಯಮ 1960ರಲ್ಲಿ ಅಮೆರಿಕದಲ್ಲಿ ಬಂತು. ಅದರ ಸಿ ಆವೃತ್ತಿ 1969ರದು. ಒಂದು ತಂತಿಯಲ್ಲಿ ಕಳಿಸುವುದು, ಇನ್ನೊಂದರಲ್ಲಿ ಪಡೆಯುವುದು, ಮೂರನೆಯದು ಗ್ರೌಂಡ್. ಒಂಬತ್ತು ಪಿನ್ನಿನ ಕನೆಕ್ಟರ್‌ನಲ್ಲಿ ಕಂಪ್ಯೂಟರ್ ಕಡೆಗೆ ಇವು 3, 2 ಮತ್ತು 5ನೇ ಪಿನ್. ಮೈನಸ್ 3ರಿಂದ ಮೈನಸ್ 15 ವೋಲ್ಟ್ ಇದ್ದರೆ ಒಂದು, ಪ್ಲಸ್ 3ರಿಂದ ಪ್ಲಸ್ 15 ಇದ್ದರೆ ಸೊನ್ನೆ. ಒಂದೊಂದೇ ಬಿಟ್ ಸಾಲಾಗಿ ಹೋಗುತ್ತದೆ. ಪ್ರತಿ ಅಕ್ಷರದ ಮುಂದೆ ಒಂದು ಸ್ಟಾರ್ಟ್ ಬಿಟ್, ಹಿಂದೆ ಸ್ಟಾಪ್ ಬಿಟ್. ಹಾಗಾಗಿ ಎಂಟು ಬಿಟ್ಟಿನ ಒಂದು ಅಕ್ಷರಕ್ಕೆ ಒಟ್ಟು ಹತ್ತು ಬಿಟ್ ಬೇಕು. 9600 ಬಾಡ್, ಅಂದರೆ ಸೆಕೆಂಡಿಗೆ 9600 ಬಿಟ್ ವೇಗದಲ್ಲಿ ಹೋಗುವುದು ಸೆಕೆಂಡಿಗೆ ಸುಮಾರು 960 ಅಕ್ಷರ ಅಷ್ಟೇ. ಎರಡೂ ಕಡೆ ವೇಗ ಮೊದಲೇ ಒಪ್ಪಿಕೊಂಡಿರಬೇಕು. ಒಂದು ಕಡೆ 9600, ಇನ್ನೊಂದು ಕಡೆ 4800 ಇಟ್ಟರೆ ಪರದೆ ಮೇಲೆ ಕಸ ಬೀಳುತ್ತದೆ. ಉಳಿದ ಪಿನ್ನುಗಳಲ್ಲಿ ಹೆಚ್ಚಿನವು "ನಾನು ರೆಡಿ", "ಸ್ವಲ್ಪ ತಡಿ" ಅನ್ನುವ ಸಂಜ್ಞೆಗಳು. ಇವುಗಳ ಕಥೆ ಮುಂದೆ ಬರುತ್ತದೆ.

ಈಗ ಸಾಫ್ಟ್‌ವೇರ್ ಕಡೆಯಿಂದ ನೋಡಿ. ಡಾಸ್ ಕಾಲದ ಪ್ರೋಗ್ರಾಮುಗಳು ಸೀರಿಯಲ್ ಚಿಪ್‌ನ್ನೇ ನೇರವಾಗಿ ಮುಟ್ಟುತ್ತಿದ್ದವು. ಕಾಮ್ 1 ಅಂದರೆ 3ಎಫ್8 ಅನ್ನುವ ವಿಳಾಸ, ನಾಲ್ಕನೇ ಇಂಟರಪ್ಟ್. ವಿಂಡೋಸ್ ಮತ್ತು ಲಿನಕ್ಸ್ ಆ ಸಲುಗೆ ಕೊಡುವುದಿಲ್ಲ. ಇಲ್ಲಿ ಪ್ರೋಗ್ರಾಂ ಆಪರೇಟಿಂಗ್ ಸಿಸ್ಟಮ್ ಹತ್ತಿರ ಹೋಗಿ "ಕಾಮ್ 3 ತೆರೆ, ವೇಗ ಇಷ್ಟಿಡು, ಈ ಅಕ್ಷರ ಕಳಿಸು, ಬಂದದ್ದು ಕೊಡು" ಅಂತ ಕೇಳುತ್ತದೆ. ಕೆಲಸ ಮಾಡುವುದು ಡ್ರೈವರ್, ಅಂದರೆ ಪೋರ್ಟನ್ನು ನಡೆಸುವ ಸಣ್ಣ ಪ್ರೋಗ್ರಾಂ. ಸ್ವಾರಗೇಟ್ ಎಸ್‌ಟಿ ಸ್ಟ್ಯಾಂಡಿನ ರಿಸರ್ವೇಶನ್ ಕೌಂಟರ್ ನೆನಪಿಸಿಕೊಳ್ಳಿ. ನಮಗೆ ಕಾಣುವುದು ಕೌಂಟರ್ ನಂಬರ್ ಮತ್ತು ಒಂದು ಸಣ್ಣ ಕಿಂಡಿ. ಒಳಗೆ ಯಾರು ಕೂತಿದ್ದಾರೆ, ಟಿಕೆಟ್ ಎಲ್ಲಿ ಪ್ರಿಂಟ್ ಆಗುತ್ತದೆ ಅನ್ನುವುದು ನಮಗೆ ಬೇಕಿಲ್ಲ. ಕೇಳಿದ್ದಕ್ಕೆ ಸರಿಯಾದ ಉತ್ತರ ಬಂದರೆ ಸಾಕು.

ವರ್ಚುವಲ್ ಸೀರಿಯಲ್ ಪೋರ್ಟ್ ಅಂದರೆ ಇದೇ. ಕಿಂಡಿಯ ಹಿಂದೆ ಚಿಪ್ ಇಲ್ಲ. ಆದರೆ ಅದೇ ಪ್ರಶ್ನೆಗಳಿಗೆ ಅದೇ ರೀತಿ ಉತ್ತರ ಕೊಡುವ ಡ್ರೈವರ್ ಕೂತಿದೆ. ಅದು ಅಕ್ಷರಗಳನ್ನು ಯುಎಸ್‌ಬಿಗೆ ಕಳಿಸಬಹುದು, ಬ್ಲೂಟೂತ್‌ಗೆ ಕಳಿಸಬಹುದು, ನೆಟ್‌ವರ್ಕಿಗೆ ಹಾಕಬಹುದು, ಅದೇ ಕಂಪ್ಯೂಟರಿನ ಇನ್ನೊಂದು ಪ್ರೋಗ್ರಾಮಿಗೂ ಕೊಡಬಹುದು. ಮೇಲೆ ಕೂತ ಸಾಫ್ಟ್‌ವೇರಿಗೆ ವ್ಯತ್ಯಾಸ ಗೊತ್ತಾಗುವುದಿಲ್ಲ. ಗೊತ್ತಾಗಬಾರದು ಕೂಡ. ಆದರೆ ತಂತಿಯ ಗುಣಗಳೆಲ್ಲ ಈ ನಕಲಿನಲ್ಲಿ ಬರುವುದಿಲ್ಲ. ತೊಂದರೆಗಳು ಹುಟ್ಟುವುದು ಆ ಬಿಟ್ಟುಹೋದ ಗುಣಗಳಿಂದಲೇ.

ಎಲ್ಲರೂ ಗೊತ್ತಿಲ್ಲದೆಯೇ ಬಳಸಿರುವ ವರ್ಚುವಲ್ ಪೋರ್ಟ್ ಅಂದರೆ ಯುಎಸ್‌ಬಿಯನ್ನು ಆರ್‌ಎಸ್-232ಕ್ಕೆ ಬದಲಿಸುವ ಕನ್ವರ್ಟರ್. ಅದರೊಳಗೆ ಎಫ್‌ಟಿಡಿಐ, ಪ್ರೋಲಿಫಿಕ್ ಅಥವಾ ಸಿಎಚ್340 ಚಿಪ್ ಇರುತ್ತದೆ. ಇನ್ನೊಂದು ತುದಿಯಲ್ಲಿ ನಿಜವಾದ ತಂತಿ ಇದೆ, ಆದರೆ ವಿಂಡೋಸ್ ಕೊಡುವ ಕಾಮ್ ನಂಬರ್ ಡ್ರೈವರ್ ಸೃಷ್ಟಿಸಿದ್ದು. ಇದರಲ್ಲಿ ಸಮಯದ ಒಂದು ತಕರಾರು ಇದೆ. ಎಫ್‌ಟಿಡಿಐ ಚಿಪ್ ಬಂದ ಅಕ್ಷರಗಳನ್ನು ಕೂಡಿಟ್ಟು ಕೊಡುತ್ತದೆ. ಪ್ಯಾಕೆಟ್ ತುಂಬದಿದ್ದರೆ 16 ಮಿಲಿಸೆಕೆಂಡ್ ಕಾಯುತ್ತದೆ. ಪಟಪಟ ಪ್ರಶ್ನೆ ಕೇಳಿ ಉತ್ತರ ಪಡೆಯುವ ಸಾಫ್ಟ್‌ವೇರ್ ಇದ್ದರೆ ಎಲ್ಲವೂ ನಿಧಾನ ಅನಿಸುತ್ತದೆ. ಡಿವೈಸ್ ಮ್ಯಾನೇಜರ್‌ನಲ್ಲಿ ಪೋರ್ಟಿನ ಅಡ್ವಾನ್ಸ್ಡ್ ಸೆಟ್ಟಿಂಗ್‌ಗೆ ಹೋಗಿ ಲೇಟೆನ್ಸಿ ಟೈಮರ್ ಕಡಿಮೆ ಮಾಡಿದರೆ ಸರಿಹೋಗುತ್ತದೆ. ಅಗ್ಗದ ನಕಲಿ ಚಿಪ್ ತೆಗೆದುಕೊಳ್ಳಬೇಡಿ ಅಂತ ಹೇಳುವುದಕ್ಕೂ ಕಾರಣ ಇದೆ. 2014ರಲ್ಲಿ ಎಫ್‌ಟಿಡಿಐಯ ಒಂದು ಹೊಸ ಡ್ರೈವರ್ ನಕಲಿ ಚಿಪ್ಪುಗಳ ಗುರುತಿನ ನಂಬರನ್ನೇ ಸೊನ್ನೆ ಮಾಡಿಬಿಟ್ಟಿತ್ತು. ರಾತ್ರೋರಾತ್ರಿ ಕನ್ವರ್ಟರುಗಳು ಸತ್ತಂತೆ ಬಿದ್ದವು. ದೊಡ್ಡ ಗಲಾಟೆಯಾದ ಮೇಲೆ ಆ ಡ್ರೈವರ್ ವಾಪಸ್ ಪಡೆದರು.

ನನಗೆ ಹೆಚ್ಚು ಇಷ್ಟವಾದದ್ದು ಜೋಡಿ ಪೋರ್ಟ್. ಇಲ್ಲಿ ತಂತಿಯೇ ಇಲ್ಲ. ಸಾಫ್ಟ್‌ವೇರ್ ಎರಡು ಪೋರ್ಟ್ ಹುಟ್ಟಿಸುತ್ತದೆ, ಕಾಮ್ 5 ಮತ್ತು ಕಾಮ್ 6 ಅಂದುಕೊಳ್ಳಿ. ಕಾಮ್ 5ಕ್ಕೆ ಬರೆದದ್ದು ಕಾಮ್ 6ರಲ್ಲಿ ಬರುತ್ತದೆ, ಅದರಲ್ಲಿ ಬರೆದದ್ದು ಇದರಲ್ಲಿ. ಹಿಂದೆ ಎರಡು ಕಂಪ್ಯೂಟರ್ ಜೋಡಿಸಲು ಬಳಸುತ್ತಿದ್ದ ನಲ್ ಮೋಡೆಮ್ ಕೇಬಲ್ ಇತ್ತಲ್ಲ, 2 ಮತ್ತು 3ನೇ ಪಿನ್ ಅಡ್ಡಡ್ಡ ಹಾಕಿದ್ದು, ಅದನ್ನೇ ಮೆಮೊರಿಯೊಳಗೆ ಕಟ್ಟಿದ ಹಾಗೆ.

ಇದರಿಂದ ಏನು ಉಪಯೋಗ? ನೀವು ವಜನ್ ಕಾಟಾದ ಬಿಲ್ಲಿಂಗ್ ಸಾಫ್ಟ್‌ವೇರ್ ಬರೆಯುತ್ತಿದ್ದೀರಿ ಅಂದುಕೊಳ್ಳಿ. ಕಾಟಾ ಇರುವುದು ಚಾಕಣದಲ್ಲಿ, ನೀವು ಕೂತಿರುವುದು ನಿಗಡಿಯ ಫ್ಲ್ಯಾಟಿನಲ್ಲಿ. ತೂಕ ಬದಲಾದಾಗ ಏನಾಗುತ್ತದೆ ನೋಡಲು ಪ್ರತಿ ಸಲ ಲಾರಿ ಹತ್ತಿಸಲು ಆಗುತ್ತದಾ? ಜೋಡಿ ಪೋರ್ಟ್ ಇದ್ದರೆ ಕಾಮ್ 5ಕ್ಕೆ ನಿಮ್ಮ ಸಾಫ್ಟ್‌ವೇರ್, ಕಾಮ್ 6ಕ್ಕೆ ಇಂಡಿಕೇಟರ್ ವೇಷ ಹಾಕಿದ ಒಂದು ಸಣ್ಣ ಪೈಥಾನ್ ಸ್ಕ್ರಿಪ್ಟ್. ಅದು ಇಂಡಿಕೇಟರ್ ಕಳಿಸುವಂಥದೇ ಸಾಲುಗಳನ್ನು ಕಳಿಸುತ್ತಿರಲಿ. ಲಾರಿ ಏರುವಾಗ ತೂಕ ಅಲುಗಾಡುವುದು, ಮೈನಸ್ ತೂಕ, ಅರ್ಧಕ್ಕೆ ತುಂಡಾದ ಸಾಲು, ಎಲ್ಲವನ್ನೂ ಬೇಕೆಂದೇ ಕೊಟ್ಟು ನೋಡಬಹುದು. ನಿಜವಾದ ಕಾಟಾದಲ್ಲಿ ಅರ್ಧ ಸಾಲು ಯಾವಾಗ ಬರುತ್ತದೋ ಅಂತ ಕಾಯುತ್ತಾ ಕೂರಬೇಕು. ಇಲ್ಲಿ ಬೇಕಾದಾಗ ಬರಿಸಬಹುದು.

ವಿಂಡೋಸಿನಲ್ಲಿ ಈ ಕೆಲಸಕ್ಕೆ ಹಳೆಯ, ಉಚಿತ, ಮುಕ್ತ ಸಾಫ್ಟ್‌ವೇರ್ ಅಂದರೆ ಕಾಮ್0ಕಾಮ್. ಇನ್‌ಸ್ಟಾಲ್ ಮಾಡಿದಾಗ ಜೋಡಿಗೆ ಸಿಎನ್‌ಸಿಎ0, ಸಿಎನ್‌ಸಿಬಿ0 ಅನ್ನುವ ಹೆಸರು ಬರುತ್ತದೆ. ಇಲ್ಲಿ ಸಿಎನ್‌ಸಿ ಅಂದಾಕ್ಷಣ ಮಷಿನ್‌ಗೂ ಇದಕ್ಕೂ ಸಂಬಂಧ ಇದೆ ಅಂದುಕೊಳ್ಳಬೇಡಿ, ಸುಮ್ನೆ ಹೆಸರು ಹಾಗೆ. ಹಳೆಯ ಸಾಫ್ಟ್‌ವೇರುಗಳ ಪಟ್ಟಿಯಲ್ಲಿ ಇಂಥ ಹೆಸರು ಕಾಣುವುದಿಲ್ಲ, ಅದನ್ನು ಕಾಮ್ 5, ಕಾಮ್ 6 ಅಂತ ಬದಲಿಸಿಕೊಳ್ಳಬೇಕು. ದುಡ್ಡು ಕೊಟ್ಟು ಕೊಳ್ಳುವ ಸಾಫ್ಟ್‌ವೇರುಗಳೂ ಇವೆ. ಅವುಗಳಲ್ಲಿ ಮೌಸ್ ಒತ್ತಿದರೆ ಜೋಡಿ ತಯಾರು, ಸಹಿ ಮಾಡಿದ ಡ್ರೈವರ್ ಬರುತ್ತದೆ, ತೊಂದರೆಯಾದರೆ ಕೇಳಲು ಜನ ಇರುತ್ತಾರೆ. ಕಾರ್ಖಾನೆಯಲ್ಲಿ ದಿನವೂ ಓಡಬೇಕಾದ ಕೆಲಸಕ್ಕೆ ಆ ದುಡ್ಡು ದಂಡ ಅಲ್ಲ.

ಸಹಿಯ ವಿಷಯ ಬಂತಲ್ಲ, ಅದನ್ನೂ ಹೇಳಿಬಿಡುತ್ತೇನೆ. ಸಹಿ ಅಂದರೆ ಡ್ರೈವರ್ ಯಾರದು ಅಂತ ತೋರಿಸುವ ಡಿಜಿಟಲ್ ಗುರುತು. 64 ಬಿಟ್ ವಿಂಡೋಸ್ ಸಹಿ ಇಲ್ಲದ ಡ್ರೈವರನ್ನು ಒಳಗೆ ಬಿಡುವುದಿಲ್ಲ. ವಿಂಡೋಸ್ 10ರ 1607 ಆವೃತ್ತಿಯಿಂದ ನಿಯಮ ಇನ್ನೂ ಬಿಗಿಯಾಯಿತು. ಹೊಸ ಡ್ರೈವರಿಗೆ ಮೈಕ್ರೋಸಾಫ್ಟ್‌ನದೇ ಸಹಿ ಬೇಕು. ಸೆಕ್ಯೂರ್ ಬೂಟ್ (ಕಂಪ್ಯೂಟರ್ ಶುರುವಾಗುವಾಗಲೇ ಸಹಿ ಪರೀಕ್ಷಿಸುವ ವ್ಯವಸ್ಥೆ) ಚಾಲೂ ಇದ್ದರೆ ಕೆಲವು ಹಳೆಯ ವರ್ಚುವಲ್ ಪೋರ್ಟ್ ಡ್ರೈವರುಗಳು ಇನ್‌ಸ್ಟಾಲ್ ಆದಂತೆ ಕಂಡರೂ ಡಿವೈಸ್ ಮ್ಯಾನೇಜರ್‌ನಲ್ಲಿ ಹಳದಿ ಗುರುತು ಹೊತ್ತು ಕೂರುತ್ತವೆ. ಇದಕ್ಕೆ ಟೆಸ್ಟ್ ಮೋಡ್ ಆನ್ ಮಾಡಿ, ಸೆಕ್ಯೂರ್ ಬೂಟ್ ಆಫ್ ಮಾಡಿ ಅಂತ ಸಲಹೆ ಕೊಡುವವರು ಬಹಳ. ನಿಮ್ಮ ಸ್ವಂತ ಪ್ರಯೋಗದ ಲ್ಯಾಪ್‌ಟಾಪ್ ಆದರೆ ನಿಮ್ಮಿಷ್ಟ. ಬಿಲ್ಲಿಂಗ್ ನಡೆಯುವ, ಬ್ಯಾಂಕ್ ಲಾಗಿನ್ ಆಗುವ ಕಂಪ್ಯೂಟರಿನಲ್ಲಿ ಮಾತ್ರ ಬೇಡವೇ ಬೇಡ.

ಲಿನಕ್ಸಿನಲ್ಲಿ ಡ್ರೈವರ್ ಹುಡುಕುವ ಗೋಜಿಲ್ಲ. ಸಾಫ್ಟ್‌ವೇರಿನಲ್ಲೇ ಪೋರ್ಟಿನಂತೆ ನಡೆಯುವ ಸೂಡೋ ಟರ್ಮಿನಲ್ ಅನ್ನುವ ವ್ಯವಸ್ಥೆ ಅದರ ತಿರುಳಾದ ಕರ್ನಲ್‌ನಲ್ಲೇ ಇದೆ. ಸೋಕ್ಯಾಟ್ ಅನ್ನುವ ಸಣ್ಣ ಪ್ರೋಗ್ರಾಮಿಗೆ ಎರಡು ಸೂಡೋ ಟರ್ಮಿನಲ್ ಜೋಡಿಸು ಅಂತ ಒಂದೇ ಸಾಲಿನಲ್ಲಿ ಹೇಳಿದರೆ ಜೋಡಿ ಸಿದ್ಧ. ಸೋಕ್ಯಾಟ್ ನಿಲ್ಲಿಸಿದರೆ ಪೋರ್ಟುಗಳೂ ಮಾಯ. ಆದರೆ ಇವುಗಳಲ್ಲಿ "ನಾನು ರೆಡಿ" ಅನ್ನುವ ಸಂಜ್ಞೆ ತಂತಿಗಳು ಇಲ್ಲ. ನಿಮ್ಮ ಸಾಫ್ಟ್‌ವೇರ್ ಆ ತಂತಿಗಳನ್ನು ನೋಡುವಂಥದ್ದಾದರೆ ಟಿಟಿವೈ0ಟಿಟಿವೈ ಅನ್ನುವ ಕರ್ನಲ್ ಮಾಡ್ಯೂಲ್ ಹಾಕಿಕೊಳ್ಳಬೇಕು. ಅದು ಸಂಜ್ಞೆಗಳನ್ನೂ ಅಡ್ಡಡ್ಡ ಜೋಡಿಸಿ ಕೊಡುತ್ತದೆ.

ಜೋಡಿ ಪೋರ್ಟಿನಲ್ಲಿ ಪರೀಕ್ಷೆ ಮಾಡಿ "ಎಲ್ಲ ಸರಿ ಇದೆ" ಅಂತ ಮಷಿನ್ ಹತ್ತಿರ ಹೋದವರು ಎಡವುವ ಜಾಗ ಒಂದಿದೆ. ವರ್ಚುವಲ್ ಜೋಡಿಗೆ ಬಾಡ್ ವೇಗ ಅನ್ನುವುದು ಬರೀ ಒಂದು ನಂಬರ್. ಒಂದು ಕಡೆ 9600, ಇನ್ನೊಂದು ಕಡೆ 115200 ಇಟ್ಟರೂ ಅಕ್ಷರಗಳು ಸರಿಯಾಗೇ ಬರುತ್ತವೆ. ಯಾಕೆಂದರೆ ಇಲ್ಲಿ ಬಿಟ್ಟುಗಳು ತಂತಿ ಮೇಲೆ ಹೋಗುವುದೇ ಇಲ್ಲ, ಮೆಮೊರಿಯಿಂದ ಮೆಮೊರಿಗೆ ನಕಲಾಗುತ್ತವೆ. ವೇಗವೂ ಹಾಗೇ. 9600ರಲ್ಲಿ ಸೆಕೆಂಡಿಗಿಂತ ಜಾಸ್ತಿ ಹಿಡಿಯುವ ಸಾವಿರ ಅಕ್ಷರ ಇಲ್ಲಿ ಕಣ್ಣು ಮಿಟುಕಿಸುವುದರೊಳಗೆ ಬಂದುಬಿಡುತ್ತದೆ. ನಿಜವಾದ ತಂತಿಯಲ್ಲಿ ಒಂದು ಸಾಲು ಎರಡು ಮೂರು ತುಂಡಾಗಿ ಬರುತ್ತದೆ. ಜೋಡಿ ಪೋರ್ಟಿನಲ್ಲಿ ಸಾಮಾನ್ಯವಾಗಿ ಇಡೀ ಸಾಲು ಒಟ್ಟಿಗೇ ಸಿಗುತ್ತದೆ. "ಒಂದು ಸಲ ಓದಿದರೆ ಒಂದು ಸಾಲು" ಅಂತ ನಂಬಿ ಬರೆದ ಪ್ರೋಗ್ರಾಂ ಮನೆಯಲ್ಲಿ ಚೆನ್ನಾಗಿ ಓಡಿ, ಶಾಪ್ ಫ್ಲೋರ್‌ನಲ್ಲಿ ಬೀಳುತ್ತದೆ. ಕಾಮ್0ಕಾಮ್‌ನಲ್ಲಿ ಬಾಡ್ ವೇಗದ ಅನುಕರಣೆ ಬೇಕು ಅಂತ ಆಯ್ಕೆ ಹಾಕಬಹುದು, ಆಗ ಅಕ್ಷರಗಳು ತಂತಿಯ ವೇಗದಲ್ಲೇ ಬರುತ್ತವೆ. ಹಾಕಿದ್ದೀರಾ ಅಂತ ಕೇಳಿದರೆ ಎಷ್ಟೋ ಜನ ತಲೆ ಕೆರೆದುಕೊಳ್ಳುತ್ತಾರೆ.

ಮುಂದಿನ ಸಮಸ್ಯೆ ಹಂಚಿಕೊಳ್ಳುವುದು. ವಿಂಡೋಸಿನಲ್ಲಿ ಒಂದು ಸೀರಿಯಲ್ ಪೋರ್ಟನ್ನು ಒಂದು ಹೊತ್ತಿಗೆ ಒಂದೇ ಪ್ರೋಗ್ರಾಂ ತೆರೆಯಬಹುದು. ಎರಡನೆಯದು ತೆರೆಯಲು ಹೋದರೆ ಆಕ್ಸೆಸ್ ಡಿನೈಡ್. ವಜನ್ ಕಾಟಾದ ತೂಕ ಬಿಲ್ಲಿಂಗಿಗೂ ಬೇಕು, ಗೇಟಿನ ದೊಡ್ಡ ಡಿಸ್‌ಪ್ಲೇ ನಡೆಸುವ ಪ್ರೋಗ್ರಾಮಿಗೂ ಬೇಕು. ಆಗ ನಡುವೆ ಒಂದು ಸ್ಪ್ಲಿಟರ್ ಸಾಫ್ಟ್‌ವೇರ್ ಕೂರಿಸುತ್ತಾರೆ. ಅದು ನಿಜವಾದ ಪೋರ್ಟನ್ನು ತಾನೇ ತೆರೆದು, ಬಂದ ಅಕ್ಷರಗಳನ್ನು ಎರಡು ವರ್ಚುವಲ್ ಪೋರ್ಟುಗಳಿಗೆ ನಕಲು ಮಾಡಿ ಕೊಡುತ್ತದೆ. ಕಾಮ್0ಕಾಮ್ ಜೊತೆಗಾರ ಹಬ್4ಕಾಮ್ ಇದನ್ನೇ ಮಾಡುತ್ತದೆ.

ಕಾಟಾಗೆ ಇದು ಸಲೀಸು, ಏಕೆಂದರೆ ಎಷ್ಟೋ ಇಂಡಿಕೇಟರುಗಳು ಯಾರೂ ಕೇಳದಿದ್ದರೂ ತೂಕ ಹೇಳುತ್ತಲೇ ಇರುತ್ತವೆ. ಎಷ್ಟು ಜನ ಕೇಳಿಸಿಕೊಂಡರೂ ಅದಕ್ಕೇನು? ಆದರೆ ಮೋಡ್‌ಬಸ್ ಅನ್ನುವ, ಕಾರ್ಖಾನೆ ಸಾಧನಗಳು ಮಾತಾಡುವ ನಿಯಮದಲ್ಲಿ ಓಡುವ ಎನರ್ಜಿ ಮೀಟರಿಗೆ ಹೀಗೆ ಮಾಡಲು ಹೋಗಬೇಡಿ. ಅಲ್ಲಿ ಪ್ರಶ್ನೆ ಕೇಳಿದರೆ ಮಾತ್ರ ಉತ್ತರ. ಎರಡು ಪ್ರೋಗ್ರಾಮುಗಳು ಒಟ್ಟಿಗೆ ಪ್ರಶ್ನೆ ಕೇಳಿದರೆ ಎರಡೂ ಬೆರೆತು ಹೋಗುತ್ತವೆ. ಒಂದರ ಉತ್ತರ ಇನ್ನೊಂದರ ಕೈಗೆ ಸಿಗುತ್ತದೆ, ವೋಲ್ಟೇಜ್ ಜಾಗದಲ್ಲಿ ಕರೆಂಟ್ ಕಾಣುತ್ತದೆ. ಬರೆಯುವ ಹಕ್ಕು ಒಬ್ಬರಿಗೆ, ಉಳಿದವರು ಕೇಳುವವರು ಅಂತ ಇಟ್ಟರೆ ನಡೆಯುತ್ತದೆ. ಅದಕ್ಕಿಂತ ಒಂದೇ ಪ್ರೋಗ್ರಾಂ ಓದಿ ಡೇಟಾಬೇಸಿಗೆ ಹಾಕಿ, ಬೇಕಾದವರು ಅಲ್ಲಿಂದ ತೆಗೆದುಕೊಳ್ಳುವುದು ಮೇಲು.

ಇನ್ನು ನೆಟ್‌ವರ್ಕಿನ ಪೋರ್ಟ್. ಮಷಿನ್ ಪಕ್ಕ ಒಂದು ಸಣ್ಣ ಡಬ್ಬಿ, ಒಂದು ಕಡೆ ಆರ್‌ಎಸ್-232, ಇನ್ನೊಂದು ಕಡೆ ಈಥರ್‌ನೆಟ್. ಆಫೀಸಿನ ಕಂಪ್ಯೂಟರಿನಲ್ಲಿ ಅದರ ಡ್ರೈವರ್ ಒಂದು ಕಾಮ್ ಪೋರ್ಟ್ ತೋರಿಸುತ್ತದೆ. ತೈವಾನಿನ ಮೋಕ್ಸಾದ ಎನ್‌ಪೋರ್ಟ್ ಡಬ್ಬಿಗಳು ಈ ಕೆಲಸಕ್ಕೆ ಹೆಸರುವಾಸಿ. ರಾಸ್‌ಬೆರಿ ಪೈ ಅನ್ನುವ ಸಣ್ಣ ಕಂಪ್ಯೂಟರ್ ಮೇಲೆ ಸರ್2ನೆಟ್ ಪ್ರೋಗ್ರಾಂ ಹಾಕಿಕೊಂಡು ನೀವೇ ಮಾಡಿಕೊಳ್ಳಬಹುದು. ಆದರೆ ಪೈ ಪಿನ್ನುಗಳು 3.3 ವೋಲ್ಟಿನವು, ಆರ್‌ಎಸ್-232 ತಂತಿಯನ್ನು ನೇರವಾಗಿ ಚುಚ್ಚಿದರೆ ಪೈ ಸುಟ್ಟುಹೋಗುತ್ತದೆ. ನಡುವೆ ಮ್ಯಾಕ್ಸ್3232ನಂಥ ಚಿಪ್ ಬೇಕು.

ನೆಟ್‌ವರ್ಕಿನಲ್ಲಿ ಕಳಿಸಲು ಎರಡು ದಾರಿ. ರಾ ಟಿಸಿಪಿಯಲ್ಲಿ ಬರೀ ಅಕ್ಷರ ಹೋಗುತ್ತದೆ. ಬಾಡ್ ವೇಗವನ್ನು ಡಬ್ಬಿಯಲ್ಲೇ ಹೊಂದಿಸಬೇಕು. ಕಂಪ್ಯೂಟರಿನಲ್ಲಿ ನೀವು ಎಷ್ಟು ಬದಲಿಸಿದರೂ ಮಷಿನ್‌ಗೆ ತಲುಪುವುದಿಲ್ಲ. 1997ರ ಆರ್‌ಎಫ್‌ಸಿ 2217 ಅನ್ನುವ ನಿಯಮದಲ್ಲಿ ವೇಗ, ಪ್ಯಾರಿಟಿ (ತಪ್ಪು ಹಿಡಿಯಲು ಸೇರಿಸುವ ಬಿಟ್), ಸಂಜ್ಞೆ ತಂತಿಗಳ ಸ್ಥಿತಿ ಎಲ್ಲವೂ ಜೊತೆಗೇ ಹೋಗುತ್ತವೆ. ಸಾಫ್ಟ್‌ವೇರ್ ವೇಗ ಬದಲಿಸುವಂಥದ್ದಾದರೆ ಎರಡನೆಯದೇ ಬೇಕು.

ನೆಟ್‌ವರ್ಕ್ ಮೂಲಕ ಡಿಎನ್‌ಸಿ, ಅಂದರೆ ಕಂಪ್ಯೂಟರಿನಿಂದ ಸಿಎನ್‌ಸಿ ಮಷಿನ್‌ಗೆ ಪ್ರೋಗ್ರಾಂ ಕಳಿಸುವ ಕೆಲಸ ಮಾಡುವಾಗ ಸ್ವಲ್ಪ ನಿಂತು ಯೋಚಿಸಬೇಕು. ಹಳೆಯ ಸಿಎನ್‌ಸಿ ಕಂಟ್ರೋಲ್‌ಗಳಲ್ಲಿ ಮೆಮೊರಿ ಕಡಿಮೆ. ಮೋಲ್ಡಿನ ಪ್ರೋಗ್ರಾಂ ಅದರೊಳಗೆ ಹಿಡಿಸುವುದಿಲ್ಲ. ಹಾಗಾಗಿ ಕಂಪ್ಯೂಟರ್ ಸ್ವಲ್ಪ ಸ್ವಲ್ಪವೇ ಕಳಿಸುತ್ತದೆ, ಮಷಿನ್ ಕತ್ತರಿಸುತ್ತಾ ಹೋಗುತ್ತದೆ. 4800 ಬಾಡ್, 7 ಡೇಟಾ ಬಿಟ್, ಈವನ್ ಪ್ಯಾರಿಟಿ, 2 ಸ್ಟಾಪ್ ಬಿಟ್ ಇಟ್ಟರೆ ಪ್ರತಿ ಅಕ್ಷರಕ್ಕೆ 11 ಬಿಟ್, ಸೆಕೆಂಡಿಗೆ ಸುಮಾರು 436 ಅಕ್ಷರ. ಮಷಿನ್‌ನ ಬಫರ್ (ಬಂದ ಅಕ್ಷರ ಕೂಡಿಡುವ ಜಾಗ) ತುಂಬುತ್ತಾ ಬಂದರೆ ಅದು ಎಕ್ಸ್‌ಆಫ್ ಅನ್ನುವ ಅಕ್ಷರ ಕಳಿಸಿ "ನಿಲ್ಲಿಸು" ಅನ್ನುತ್ತದೆ, ಖಾಲಿಯಾದಾಗ ಎಕ್ಸ್‌ಆನ್. ನೇರ ತಂತಿಯಲ್ಲಿ ಕಂಪ್ಯೂಟರ್ ತಕ್ಷಣ ನಿಲ್ಲುತ್ತದೆ. ನೆಟ್‌ವರ್ಕ್ ನಡುವೆ ಬಂದರೆ ಆ ಎಕ್ಸ್‌ಆಫ್ ಕಂಪ್ಯೂಟರಿಗೆ ಮುಟ್ಟುವಷ್ಟರಲ್ಲಿ ಡಬ್ಬಿಯ ಬಫರಿನಲ್ಲಿ ಇನ್ನೂ ಬಹಳ ಅಕ್ಷರ ಇರುತ್ತದೆ. ಡಬ್ಬಿ ಅದನ್ನೆಲ್ಲ ಮಷಿನ್‌ಗೆ ಸುರಿಯುತ್ತದೆ. ಫ್ಯಾನುಕ್ ಕಂಪನಿಯ ಕಂಟ್ರೋಲ್ ಆದರೆ 087 ಅಲಾರಂ, ಬಫರ್ ಓವರ್‌ಫ್ಲೋ. ಜಾಬ್ ಅರ್ಧಕ್ಕೆ ನಿಂತಿತು. ಇದಕ್ಕೆ ಮದ್ದು ಒಂದೇ. ಎಕ್ಸ್‌ಆನ್, ಎಕ್ಸ್‌ಆಫ್ ನೋಡಿಕೊಳ್ಳುವ ಕೆಲಸವನ್ನು ಮಷಿನ್ ಪಕ್ಕದ ಡಬ್ಬಿಗೇ ಕೊಡಬೇಕು. ಅದರ ಸೆಟ್ಟಿಂಗಿನಲ್ಲಿ ಫ್ಲೋ ಕಂಟ್ರೋಲ್ ಅಂತ ಇರುತ್ತದೆ.

ಅದೇ ಕಂಟ್ರೋಲ್‌ನಲ್ಲಿ 086 ಬಂದರೆ ಎದುರಿನವರು ರೆಡಿ ಅನ್ನುವ ಸಂಜ್ಞೆ ಸಿಗುತ್ತಿಲ್ಲ ಅಂತ ಅರ್ಥ. 085 ಬಂದರೆ ಮೊದಲು ವೇಗ, ಪ್ಯಾರಿಟಿ ತಾಳೆ ನೋಡಿ. ಈ ಮೂರು ನಂಬರ್ ಗೊತ್ತಿದ್ದರೆ ಡ್ರೈವರ್ ಮತ್ತೆ ಮತ್ತೆ ಇನ್‌ಸ್ಟಾಲ್ ಮಾಡುವ ಕೆಲಸ ತಪ್ಪುತ್ತದೆ.

ಮೋಡ್‌ಬಸ್ ಆರ್‌ಟಿಯುಗೂ ಇಂಥದೇ ಕಷ್ಟ. ಅದರಲ್ಲಿ ಒಂದು ಸಂದೇಶ ಮುಗಿಯಿತು ಅಂತ ಗೊತ್ತಾಗುವುದು ಮೌನದಿಂದ. ಮೂರೂವರೆ ಅಕ್ಷರದಷ್ಟು ಹೊತ್ತು, ಅಂದರೆ 9600ರಲ್ಲಿ ಸುಮಾರು 4 ಮಿಲಿಸೆಕೆಂಡ್ ಏನೂ ಬರದಿದ್ದರೆ ಮುಗಿಯಿತು ಅಂತ. ವೈಫೈ ಮೇಲೆ ಸಂದೇಶ ನಡುವೆ ತುಂಡಾಗಿ 20 ಮಿಲಿಸೆಕೆಂಡ್ ತಡವಾದರೆ, ಪಡೆಯುವ ಕಡೆಯ ಪ್ರೋಗ್ರಾಂ ಅರ್ಧ ಸಂದೇಶವನ್ನೇ ಪೂರ್ತಿ ಅಂದುಕೊಂಡು, ತಾಳೆಯಾಗದೆ ಬಿಸಾಡುತ್ತದೆ. ಇಂಥ ಕಡೆ ಮೋಡ್‌ಬಸ್ ಟಿಸಿಪಿಗೆ ಬದಲಿಸುವ ಗೇಟ್‌ವೇ ಹಾಕುವುದು ಒಳ್ಳೆಯದು. ವರ್ಚುವಲ್ ಪೋರ್ಟಿನ ಹಟ ಬೇಡ. ಇನ್ನೊಂದು ಮಾತು: ರಾ ಟಿಸಿಪಿಗೆ ಪಾಸ್‌ವರ್ಡ್ ಇರುವುದಿಲ್ಲ. ನೆಟ್‌ವರ್ಕಿನಲ್ಲಿರುವ ಯಾರು ಬೇಕಾದರೂ ಆ ಪೋರ್ಟಿಗೆ ಕೈ ಹಾಕಬಹುದು. ಮಷಿನ್‌ಗಳ ನೆಟ್‌ವರ್ಕನ್ನು ಆಫೀಸಿನ ವೈಫೈಯಿಂದ ಬೇರೆ ಇಡಿ.

ಪೋರ್ಟ್ ಮಾಡುವುದಕ್ಕಿಂತ ಅದನ್ನು ಸಂಭಾಳಿಸುವುದೇ ಹೆಚ್ಚು ಕಿರಿಕಿರಿ. ವಿಂಡೋಸ್ ಒಮ್ಮೆ ಕೊಟ್ಟ ನಂಬರನ್ನು ಸುಲಭಕ್ಕೆ ಬಿಡುವುದಿಲ್ಲ. ಕನ್ವರ್ಟರ್ ಕಿತ್ತು ವರ್ಷ ಆಗಿದ್ದರೂ ಕಾಮ್ 4 "ಬಳಕೆಯಲ್ಲಿದೆ" ಅನ್ನುತ್ತದೆ. ಎಫ್‌ಟಿಡಿಐ ಚಿಪ್ಪುಗಳಲ್ಲಿ ಸಾಮಾನ್ಯವಾಗಿ ಸೀರಿಯಲ್ ನಂಬರ್ ಇರುವುದರಿಂದ ಯಾವ ಯುಎಸ್‌ಬಿಗೆ ಹಾಕಿದರೂ ಅದೇ ಕಾಮ್ ನಂಬರ್ ಬರುತ್ತದೆ. ಸಿಎಚ್340ರಲ್ಲಿ ಸಾಮಾನ್ಯವಾಗಿ ಅದು ಇರುವುದಿಲ್ಲ. ಯುಎಸ್‌ಬಿ ಜಾಗ ಬದಲಿಸಿದರೆ ನಂಬರೂ ಬದಲು. ಹೀಗೇ ಬೆಳೆದು ಕಾಮ್ 9 ದಾಟಿದರೆ ಹಳೆಯ ಪ್ರೋಗ್ರಾಮುಗಳು ಕೈ ಎತ್ತುತ್ತವೆ. 10ರಿಂದ ಮುಂದಿನ ಪೋರ್ಟನ್ನು ವಿಂಡೋಸಿನಲ್ಲಿ ತೆರೆಯಲು ಹೆಸರಿನ ಮುಂದೆ ವಿಶೇಷ ಗುರುತು ಸೇರಿಸಬೇಕು, ಹಳೆಯ ಕೋಡಿಗೆ ಅದು ಗೊತ್ತಿಲ್ಲ. ವಿಷುವಲ್ ಬೇಸಿಕ್ 6ರಲ್ಲಿ ಬರೆದ ಕಾಟಾ ಸಾಫ್ಟ್‌ವೇರುಗಳಿಗೆ 16ರ ಮಿತಿ ಬೇರೆ ಇದೆ. ಡಿವೈಸ್ ಮ್ಯಾನೇಜರ್‌ನಲ್ಲಿ ಅಡಗಿದ ಡಿವೈಸ್ ತೋರಿಸು ಅಂತ ಆಯ್ಕೆ ಹಾಕಿ. ಮಸುಕಾಗಿ ಕಾಣುವ ಹಳೆಯ ಪೋರ್ಟುಗಳನ್ನು ಅನ್‌ಇನ್‌ಸ್ಟಾಲ್ ಮಾಡಿ. ಆಮೇಲೆ ಅಡ್ವಾನ್ಸ್ಡ್ ಸೆಟ್ಟಿಂಗಿನಲ್ಲಿ ನಿಮಗೆ ಬೇಕಾದ ಸಣ್ಣ ನಂಬರ್ ಕೊಡಿ.

ಲಿನಕ್ಸಿನಲ್ಲಿ ಚುಚ್ಚಿದ ಕ್ರಮದ ಮೇಲೆ ಟಿಟಿವೈಯುಎಸ್‌ಬಿ0, ಟಿಟಿವೈಯುಎಸ್‌ಬಿ1 ಅಂತ ಹೆಸರು ಬರುತ್ತದೆ. ಕಂಪ್ಯೂಟರ್ ರೀಸ್ಟಾರ್ಟ್ ಆದಾಗ ಅದಲುಬದಲಾಗಬಹುದು. ಡಿವೈಸುಗಳಿಗೆ ಹೆಸರಿಡುವ ಯೂಡೆವ್‌ಗೆ ನಿಯಮ ಬರೆದು "ಕಾಟಾ", "ಲೇತ್" ಅನ್ನುವಂಥ ಖಾಯಂ ಹೆಸರು ಕೊಟ್ಟರೆ ನೆಮ್ಮದಿ. ಉಬುಂಟುವಿನಲ್ಲಿ ಪೋರ್ಟ್ ತೆರೆಯಲು ಅನುಮತಿ ಇಲ್ಲ ಅಂತ ಬಂದರೆ ನಿಮ್ಮ ಯೂಸರನ್ನು ಡಯಲ್‌ಔಟ್ ಗುಂಪಿಗೆ ಸೇರಿಸಿ, ಲಾಗೌಟ್ ಆಗಿ ಮತ್ತೆ ಒಳಗೆ ಬನ್ನಿ.

ಎಲ್ಲ ಮಾಡಿದ ಮೇಲೂ ಮಷಿನ್ ಮಾತಾಡದಿದ್ದರೆ ತಪ್ಪು ಯಾವ ಕಡೆ ಇದೆ ಅಂತ ಮೊದಲು ಪತ್ತೆ ಮಾಡಿ. ಮಷಿನ್‌ನಿಂದ ಕೇಬಲ್ ಬಿಚ್ಚಿ. ಅದರ ತುದಿಯಲ್ಲಿ 2 ಮತ್ತು 3ನೇ ಪಿನ್ನುಗಳನ್ನು ಒಂದು ತಂತಿ ತುಂಡಿನಿಂದ ಕೂಡಿಸಿ. ಪುಟ್ಟಿ (PuTTY) ಅನ್ನುವ ಟರ್ಮಿನಲ್ ಪ್ರೋಗ್ರಾಮಿನಲ್ಲಿ ಆ ಕಾಮ್ ಪೋರ್ಟ್ ತೆರೆಯಿರಿ, ಫ್ಲೋ ಕಂಟ್ರೋಲ್ ಬೇಡ ಅಂತ ಇಡಿ, ಏನಾದರೂ ಟೈಪ್ ಮಾಡಿ. ನೀವು ಒತ್ತಿದ ಅಕ್ಷರ ಪರದೆ ಮೇಲೆ ವಾಪಸ್ ಬಂದರೆ ಡ್ರೈವರ್, ನೆಟ್‌ವರ್ಕ್, ಡಬ್ಬಿ, ಕೇಬಲ್ ಎಲ್ಲ ಜೀವಂತ ಇವೆ. ಮಷಿನ್‌ನ ಸೆಟ್ಟಿಂಗ್ ನೋಡಿ. ಬರದಿದ್ದರೆ ಕೇಬಲ್ ತೆಗೆದು ಕನ್ವರ್ಟರಿನ ಪಿನ್ನುಗಳಲ್ಲೇ ಇದನ್ನು ಮಾಡಿ. ಅಲ್ಲಿ ಬಂತು ಅಂದರೆ ಕೇಬಲ್ ಕೆಟ್ಟಿದೆ. ಅಲ್ಲೂ ಬರದಿದ್ದರೆ ಮಷಿನ್ ಆಪರೇಟರ್‌ಗೆ ಚಹಾಕ್ಕೆ ಹೋಗಿ ಬಾ ಅನ್ನಿ, ಕೆಲಸ ಇರುವುದು ಕಂಪ್ಯೂಟರ್ ಕಡೆ.